ಸಾಹೇಬರ ಮಗಳು

ಹದಿನೈದನೆಯ ಪ್ರತಿಗೆ ಬರುವಷ್ಟರಲ್ಲಿ ಪೆನ್ನು ಕೈಕೊಟ್ಟಿತು. ಮರ್ವ್ ಅದನ್ನು ಅಂಗೈಗೆ ಗೀಚಿ ನೋಡಿದ, ಜಾಡಿಸಿದ, ತುದಿಗೆ ಬಾಯಿಯ ಬಿಸಿ ಗಾಳಿ ಊದಿ ಮತ್ತೆ ಗೀಚಿದ. ಮೆಲ್ಬರ್ನಿನ ಚರ್ಚಿನ ಬಾಗಿಲ ಪಕ್ಕದ ಮೇಜಿನ ಮೇಲೆ ಅಂದಿನ ಪ್ರಾರ್ಥನೆಯ ಹಾಳೆಗಳನ್ನು ಮೂರು ಸಾಲಾಗಿ ಪೇರಿಸಿಟ್ಟಿದ್ದರು. ಮುಖಪುಟದಲ್ಲಿ ಅವನ ಅಕ್ಕ ಮುತ್ತಿನ ಸರ ತೊಟ್ಟು, ಭುಜದ ಮೇಲಿಂದ ಹಿಂದಿರುಗಿ ನೋಡುತ್ತಿದ್ದಳು. ಒಳಪುಟದ ಎರಡನೆಯ ಸಾಲು ಹೀಗಿತ್ತು: ‘ಗಣಿ ಎಂಜಿನಿಯರೊಬ್ಬರ ಏಕೈಕ ಸಂತಾನವಾಗಿ ಪೋರ್ಟ್ ಪಿರಿಯಲ್ಲಿ ಜನಿಸಿದ ಹೆಲೆನಾ ಟ್ರೆಂಟ್...’

‘ಏಕೈಕ ಸಂತಾನ’ ಎಂಬುದನ್ನು ಅವನು ಮುಟ್ಟಿರಲಿಲ್ಲ. ‘ಗಣಿ ಎಂಜಿನಿಯರೊಬ್ಬರ’ ಎಂಬುದನ್ನು ಮಾತ್ರ ಒಂದೊಂದು ಹಾಳೆಯಲ್ಲೂ ಎರಡೆರಡು ಗೆರೆ ಎಳೆದು ಹೊಡೆದುಹಾಕುತ್ತಿದ್ದ.

“ಅಪ್ಪಾ, ಏನ್ ಮಾಡ್ತಿದೀಯಾ?” ಕಾರು ನಿಲ್ಲಿಸಿ ಬಂದ ಮಗಳು ಲೀಆನ್ ಬಾಗಿಲಲ್ಲೇ ನಿಂತಳು.

“ತಿದ್ತಾ ಇದೀನಿ.”

“ಎಷ್ಟಾಯ್ತು?”

“ಅದ್ನಾಲ್ಕು.”

“ಇನ್ನೂರಿದೆ ಅಲ್ಲಿ. ಸಾವಿರ ಕಿಲೋಮೀಟರ್ ಕಾರು ಓಡಿಸ್ಕೊಂಡು ಬಂದಿದ್ದು ಇದಕ್ಕಾ? ಕೊಡು ಪೆನ್ನು ಇಲ್ಲಿ.”

“ಸುಳ್ಳು ಅಚ್ಚಾಕಿದಾರೆ.”

“ಅತ್ತೆ ಸತ್ತುಹೋಗಿದಾಳೆ, ಅಪ್ಪಾ. ಇವತ್ತೊಂದು ದಿನ ಸುಮ್ನಿರು. ನಿನ್ನ ಕಾಲಿಗೆ ಬೀಳ್ತೀನಿ.”

ಮರ್ವ್ ಪೆನ್ನು ಕೊಡಲಿಲ್ಲ, ಜೇಬಿಗೆ ಹಾಕಿಕೊಂಡ. ಅವನಿಗೆ ಎಪ್ಪತ್ತೆಂಟು. ನಲವತ್ತೊಂದು ವರ್ಷ ಪೋರ್ಟ್ ಪಿರಿಯ ಸೀಸದ ಕಾರ್ಖಾನೆಯಲ್ಲಿ ದುಡಿದು ನಿವೃತ್ತನಾದವನು. ಅಕ್ಕನ ಜೊತೆ ಮಾತಾಡಿ ಐವತ್ತನಾಲ್ಕು ವರ್ಷವಾಗಿತ್ತು. ಒಂಬತ್ತು ದಿನದ ಹಿಂದೆ ಮೆಲ್ಬರ್ನಿನಿಂದ ಯಾರೋ ಡಾಕ್ಟರ್ ಹುಡುಗಿ ಫೋನ್ ಮಾಡಿ, “ನಿಮಗೆ ಒಬ್ಬರು ಅಕ್ಕ ಇದ್ದಾರಾ?” ಎಂದು ಕೇಳಿದಾಗ ಅವನು “ಇದ್ಲು” ಎಂದಿದ್ದ. ಆ ಹುಡುಗಿ ಅದನ್ನು ಕೇಳಿ, ಸುದ್ದಿ ಆಗಲೇ ಗೊತ್ತಾಗಿದೆ ಎಂದುಕೊಂಡಿದ್ದಳು.

ಅಷ್ಟರಲ್ಲಿ ಮೆಟ್ಟಿಲು ಹತ್ತಿ ಕಪ್ಪು ಉಡುಪಿನ ಗಿಡ್ಡ ಹೆಂಗಸೊಬ್ಬಳು ಬಂದಳು. ಕಣ್ಣಿಗೆ ಕಪ್ಪು ಕನ್ನಡಕ, ತೋಳಿಗೆ ದೊಡ್ಡ ಕೈಚೀಲ. ಸೀದಾ ಮರ್ವ್ ಹತ್ತಿರ ಬಂದು, ಮಾತಿಗೆ ಮೊದಲೇ, ಅವನ ಕೋಟಿನ ತೋಳಿನಿಂದ ಒಂದು ಬಿಳಿ ನೂಲನ್ನು ಚಿವುಟಿ ತೆಗೆದಳು.

“ನೀವೇನಾ ಆ ತಮ್ಮ? ನಾನು ವೂಲಾ. ಹೆಲೆನಾಗೆ ಐವತ್ತಾರು ವರ್ಷ ಬಟ್ಟೆ ಹಾಕಿ ಬಟ್ಟೆ ಬಿಚ್ಚಿದೋಳು. ಗ್ರೀಸಿಂದ ಹಡಗಿಳಿದು ಮೂರು ತಿಂಗಳಾಗಿತ್ತು, ನಾಟಕ ಕಂಪನಿಯ ಬಟ್ಟೆ ಕೋಣೆಗೆ ಸೇರಿಕೊಂಡೆ, ಹದಿನೇಳು ವರ್ಷ ನನಗೆ. ಅವಳ ಮೈಯಲ್ಲಿ ಎಲ್ಲೆಲ್ಲಿ ಮಚ್ಚೆ ಇದೆ ಅಂತ ಬೇಕಾದ್ರೆ ಹೇಳ್ತೀನಿ. ತಮ್ಮ ಒಬ್ಬ ಇದಾನೆ ಅಂತ ಮಾತ್ರ ಮೊನ್ನೆ ಗೊತ್ತಾಯ್ತು, ಅದೂ ಬೇರೆಯವರ ಬಾಯಿಂದ.” ಕನ್ನಡಕ ತೆಗೆದಳು. ಕಣ್ಣು ಊದಿತ್ತು. “ಸಿಟ್ಟು ಮಾಡ್ಕೊಳ್ಳೋಣ ಅಂದ್ರೆ ಅವಳೇ ಇಲ್ಲ.”

ಆಮೇಲೆ ಮೇಜಿನ ಮೇಲಿನ ಹಾಳೆ ಎತ್ತಿ ನೋಡಿ, “ಇದ್ಯಾರು ಹೀಗೆ ಗೀಚಿದ್ದು?” ಎಂದಳು.

“ಅಚ್ಚಿನ ತಪ್ಪು” ಎಂದ ಮರ್ವ್.

“ಪಿರಿಯವರಲ್ವಾ ನೀವು?” ವೂಲಾ ಅವನನ್ನು ಗೋಡೆ ಪಕ್ಕದ ಬೆಂಚಿಗೆ ಕರೆದುಕೊಂಡು ಹೋಗಿ ಕೂರಿಸಿದಳು. “ಹಾಗಾದ್ರೆ ನಿಮಗೆ ಗೊತ್ತಿರ್ಲೇಬೇಕು. ನಾನು ಕೆಲಸಕ್ಕೆ ಸೇರಿದ ವರ್ಷ ನಿಮ್ಮೂರಿಂದ ಒಬ್ಬ ಮನುಷ್ಯ ಏಡಿ ತಂದಿದ್ದ. ಒಂದು ಸೀಮೆಎಣ್ಣೆ ಡಬ್ಬದ ತುಂಬ! ನಿಮ್ಮ ತಂದೆ ಕೈಕೆಳಗೆ ಕೆಲಸಕ್ಕಿದ್ದೋನಂತೆ. ಯಾರವನು?”

ಮರ್ವ್ ತನ್ನ ಬೂಟುಗಳನ್ನು ನೋಡುತ್ತ ಕುಳಿತ.

“ಗೊತ್ತು” ಎಂದ ಕೊನೆಗೆ.

*

ಪಿರಿಯ ಅವರ ಮನೆಯಲ್ಲಿ ‘ಹ’ಕಾರ ಇರಲಿಲ್ಲ. ಅಪ್ಪ ಆಲ್ಫ್ ಟ್ರೆಜೈಸನ ಬಾಯಲ್ಲಿ ಹೊಗೆಯೆಲ್ಲ ಒಗೆ, ಹಡಗೆಲ್ಲ ಅಡಗು. ತಾಯಿಯಿಲ್ಲದ ಎರಡು ಮಕ್ಕಳೂ ಹಾಗೆಯೇ ಮಾತಾಡಿಕೊಂಡು ಬೆಳೆದವು. ಅಕ್ಕ ಕೋರಲ್‌ಗೆ ಹದಿನೈದಾದಾಗ ಕಾನ್ವೆಂಟಿನ ಸಿಸ್ಟರ್ ಒಬ್ಬರು, ನಿನ್ನ ದನಿ ಚೆನ್ನಾಗಿದೆ, ನಾಲಿಗೆ ತಿದ್ದಿಕೊಂಡರೆ ರೇಡಿಯೋಗೆ ಹೋಗಬಹುದು ಎಂದರು. ಉರಿಯುವ ಬೆಂಕಿಕಡ್ಡಿಯನ್ನು ತುಟಿಯ ಮುಂದೆ ಹಿಡಿದು ‘ಹ’ ಅನ್ನಬೇಕು, ಜ್ವಾಲೆ ಅಲುಗಿದರೆ ಸರಿಯಾಯಿತು. ಅಡುಗೆಮನೆಯ ಮೇಜಿನಲ್ಲಿ ಅವಳು ಅಭ್ಯಾಸ ಮಾಡುವಾಗ ಕಡ್ಡಿ ಗೀರಿ ಹಿಡಿಯುತ್ತಿದ್ದವನು ಅಪ್ಪನೇ. ಬೆರಳು ಸುಟ್ಟರೂ ಬಿಡುತ್ತಿರಲಿಲ್ಲ. ಸೀಸದ ಕುಲುಮೆಯ ಮುಂದೆ ನಿಂತು ಒರಟಾದ ಬೆರಳುಗಳು ಅವು.

ಇಪ್ಪತ್ತಕ್ಕೆ ಅವಳು ಅಡಿಲೇಡಿನ ರೇಡಿಯೋ ಸೇರಿದಳು, ಇಪ್ಪತ್ತನಾಲ್ಕಕ್ಕೆ ಮೆಲ್ಬರ್ನಿನ ನಾಟಕ ಕಂಪನಿ. ಆ ಕಾಲದಲ್ಲಿ ರಂಗದ ಮೇಲೆ ಲಂಡನ್ನಿನವರ ಹಾಗೆ ಮಾತಾಡದವರಿಗೆ ಕೆಲಸದಾಳಿನ ಪಾತ್ರ ಬಿಟ್ಟು ಬೇರೆ ಸಿಗುತ್ತಿರಲಿಲ್ಲ. ಕೋರಲ್ ಟ್ರೆಜೈಸ್ ಹೋಗಿ ಹೆಲೆನಾ ಟ್ರೆಂಟ್ ಆದಳು. ಯಾರೋ ಪತ್ರಿಕೆಯವರು ತಂದೆ ಏನು ಮಾಡುತ್ತಾರೆ ಎಂದು ಕೇಳಿದಾಗ, ಗಣಿ ಎಂಜಿನಿಯರ್ ಆಗಿದ್ದರು, ತೀರಿಕೊಂಡರು ಎಂದುಬಿಟ್ಟಳು. ಅದು ಅಚ್ಚಾಯಿತು. ಅಚ್ಚಾದ ಮೇಲೆ ಅದನ್ನೇ ಹೇಳಿಕೊಂಡು ಹೋಗಬೇಕಾಯಿತು. ಪಿರಿಯಲ್ಲಿ ಮೆಲ್ಬರ್ನಿನ ಪತ್ರಿಕೆ ಯಾರೂ ಓದುತ್ತಿರಲಿಲ್ಲ.

ಮರುವರ್ಷದ ಫೆಬ್ರವರಿಯಲ್ಲಿ, ಶನಿವಾರ ಮಧ್ಯಾಹ್ನದ ಆಟಕ್ಕೆ, ಅಪ್ಪ ಹೇಳದೆ ಕೇಳದೆ ಹೊರಟುಬಿಟ್ಟ. ಹಿಂದಿನ ದಿನ ಬೆಳಿಗ್ಗೆ ಸಮುದ್ರಕ್ಕಿಳಿದು ನೀಲಿ ಏಡಿ ಹಿಡಿದ, ಸಮುದ್ರದ ನೀರಲ್ಲೇ ಬೇಯಿಸಿದ, ಮಂಜುಗಡ್ಡೆ ಹಾಕಿ ಒದ್ದೆ ಗೋಣಿ ಸುತ್ತಿ ಡಬ್ಬಕ್ಕೆ ತುಂಬಿದ. ಇಪ್ಪತ್ತೆರಡರ ಮರ್ವ್ ಜೊತೆಗೆ. ರೈಲಿನ ಡಬ್ಬಿಯಲ್ಲಿ ಇವರ ಅಕ್ಕಪಕ್ಕ ಯಾರೂ ಕೂರಲಿಲ್ಲ.

ಮೇಲಂತಸ್ತಿನ ಅಗ್ಗದ ಸೀಟಿನಿಂದ ನಾಟಕ ನೋಡಿದರು. ಎಲ್ಲರೂ ನಕ್ಕಾಗ ಅಪ್ಪ ಒಂದು ಕ್ಷಣ ತಡವಾಗಿ ನಗುತ್ತಿದ್ದ. ಆಟ ಮುಗಿದ ಮೇಲೆ ಹಿಂದಿನ ಓಣಿಯಲ್ಲಿ, ನಟರು ಬಂದುಹೋಗುವ ಬಾಗಿಲ ಹತ್ತಿರ, ಡಬ್ಬದ ಹಿಡಿಗೆ ಕೋಲು ತೂರಿಸಿ ಇಬ್ಬರೂ ಎರಡು ತುದಿ ಹಿಡಿದು ನಿಂತರು. ಬಿಸಿಲಿಗೆ ಡಬ್ಬದಿಂದ ನೀರು ತೊಟ್ಟಿಕ್ಕುತ್ತಿತ್ತು.

ಕೋರಲ್ ಹೊರಗೆ ಬಂದಳು. ತಿಳಿನೇರಳೆ ರೇಷ್ಮೆಯ ಉಡುಪು, ಮುಖದ ಬಣ್ಣ ಹಾಗೇ ಇತ್ತು. ಜೊತೆಗೆ ಲಂಡನ್ನಿನಿಂದ ಬಂದಿದ್ದ ನಿರ್ದೇಶಕ. ಅಲ್ಲಿಯ ನಾಟಕಕ್ಕೆ ಹುಡುಗಿಯೊಬ್ಬಳನ್ನು ಹುಡುಕುತ್ತಿದ್ದ. ಅವನು ಹೇಳಿದ ಏನೋ ಮಾತಿಗೆ ಅವಳು ನಗುತ್ತಿದ್ದಳು. ಇವರನ್ನು ಕಂಡಳು.

“ಯಾರಿವರು, ಹೆಲೆನಾ?” ನಿರ್ದೇಶಕ ಕೇಳಿದ.

ಅವಳು ಒಂದು ಉಸಿರು ಎಳೆದುಕೊಂಡದ್ದು ಮರ್ವ್‌ಗೆ ಕಾಣಿಸಿತು.

“ಓಹ್, ಇವರು ನಮ್ಮ ತಂದೆಯವರ ಹತ್ತಿರ ಕೆಲಸಕ್ಕಿದ್ದವರು. ಹಳೆಯ ಪರಿಚಯ. ಪಾಪ, ಹೇಗೆ ಹುಡುಕಿಕೊಂಡು ಬಂದಿದ್ದಾರೆ ನೋಡಿ!” ಒಂದೊಂದು ‘ಹ’ವೂ ಕಡ್ಡಿಯ ಜ್ವಾಲೆ ಆರಿಸುವಷ್ಟು ಸ್ಪಷ್ಟವಾಗಿತ್ತು.

ಅಪ್ಪ ತನ್ನ ಕಡೆಯ ಕೋಲನ್ನು ಮೆಲ್ಲಗೆ ಇಳಿಸಿದ. ಟೋಪಿ ತೆಗೆದು ಎದೆಗೆ ಹಿಡಿದುಕೊಂಡ. ಬೆನ್ನು ಸ್ವಲ್ಪ ಬಾಗಿತು. ಇದೆಲ್ಲಕ್ಕೂ ಅವನು ಕಣ್ಣು ಮಿಟುಕಿಸುವಷ್ಟು ಹೊತ್ತೂ ತೆಗೆದುಕೊಳ್ಳಲಿಲ್ಲ.

“ಔದು ಸಾರ್. ಸಾಹೇಬ್ರ”—ಇಲ್ಲಿ ‘ಹ’ ಬಂತು, ಕಷ್ಟಪಟ್ಟು ತಂದ—“ಕೈಕೆಳ್ಗೆ ಇಪ್ಪತ್ತು ವರ್ಸ ಮಾಡ್ದೆ. ಅಂಥಾ ದಣಿ ಇನ್ನೆಲ್ಲಿ ಸಿಗ್ಬೇಕು. ಅಮ್ಮಾವ್ರು ಚಿಕ್ಕೋರಿದ್ದಾಗ ಏಡಿ ಅಂದ್ರೆ ಪ್ರಾಣ ಬಿಡೋರು. ಈ ಕಡೆ ಬರೋದಿತ್ತು, ಒಸಿ ತಂದೆ. ಚೆನ್ನಾಗ್ ಮಾಡುದ್ರಿ ಆಟಾನ, ಮಿಸ್ ಎಲೆನಾ.”

ನಿರ್ದೇಶಕನಿಗೆ ಬಹಳ ಸಂತೋಷವಾಯಿತು. ಜೇಬಿನಿಂದ ಎರಡು ಶಿಲ್ಲಿಂಗಿನ ನಾಣ್ಯ ತೆಗೆದು ಅಪ್ಪನ ಕೈಗಿಟ್ಟ. ಕೆಲಸದವನು ಹೇಗೆ ಈಸಿಕೊಳ್ಳಬೇಕೋ ಹಾಗೆಯೇ ಈಸಿಕೊಂಡು, ಅಪ್ಪ ಹಣೆಗೆ ಬೆರಳು ಮುಟ್ಟಿಸಿದ. ಡಬ್ಬವನ್ನು ಬಾಗಿಲ ಒಳಗಿಟ್ಟು ಇಬ್ಬರೂ ಓಣಿಯಿಂದ ಹೊರಬಿದ್ದರು.

ವಾಪಸು ರೈಲಿನಲ್ಲಿ ಮರ್ವ್ ಕುದಿಯುತ್ತಿದ್ದ. “ನಾಳೆನೇ ಕಾಗ್ದ ಬರೀತೀನಿ ಅವ್ಳಿಗೆ. ಅವ್ಳ ಮಕಕ್ಕೆ...”

“ಬರ್ದೀಯ, ಕೈ ಮುರ್ದ್‌ಬಿಡ್ತೀನಿ” ಎಂದ ಅಪ್ಪ. “ಅವ್ಳ ಒಟ್ಟೆಪಾಡು ಅದು. ನಮ್ಮಿಂದ ಕೆಡೋದು ಬ್ಯಾಡ.”

ಬ್ಯಾಲರಟ್ ಸ್ಟೇಷನ್ನಿನಲ್ಲಿ ಆ ನಾಣ್ಯ ಕೊಟ್ಟು ಎರಡು ಮಾಂಸದ ಕಡುಬು ತಂದ. ಮರ್ವ್ ತಿನ್ನಲಿಲ್ಲ. ಅಪ್ಪ ಎರಡನ್ನೂ ತಿಂದು, ಮೀಸೆ ಒರೆಸಿಕೊಂಡು, ಕಿಟಕಿಯಾಚೆ ನೋಡುತ್ತ ಕೇಳಿದ: “ಸರ್ಯಾಗ್ ಮಾಡಿದ್ನಾ, ಮರ್ವಿ? ಆವಯ್ಯಂಗೆ ಅನ್ಮಾನ ಬರ್ಲಿಲ್ಲ ತಾನೆ?”



*

“ಆಮೇಲೇನಾಯ್ತು ಗೊತ್ತಾ?” ವೂಲಾ ಅವನ ಮೊಣಕೈ ಹಿಡಿದಳು. “ಆ ಇಂಗ್ಲಿಷ್ ಮಹಾಶಯ ಊಟಕ್ಕೆ ಕರೆದ. ತಲೆನೋವು ಅಂತ ಇವಳು ಹೋಗ್ಲಿಲ್ಲ. ಸಂಜೆ ಆಟಕ್ಕೆ ಬಟ್ಟೆ ಬದಲಾಯಿಸೋಕೆ ನಾನು ಕೋಣೆಗೆ ಹೋದ್ರೆ, ನೆಲದ ಮೇಲೆ ಕೂತಿದಾಳೆ. ಅದೇ ರೇಷ್ಮೆ ಉಡುಪು! ಮಡಿಲಲ್ಲಿ ಡಬ್ಬ. ಏಡಿ ಒಡೀತಾಳೆ, ಬಾಯಿಗೆ ಹಾಕ್ತಾಳೆ, ಒಡೀತಾಳೆ, ಹಾಕ್ತಾಳೆ. ಚಿಪ್ಪೆಲ್ಲ ರೇಷ್ಮೆ ಮೇಲೆ. ಕಣ್ಣಲ್ಲಿ ಮೂಗಲ್ಲಿ ನೀರು. ನಾನು, ಅಕ್ಕಾ ಒಂದು ಕೊಡಿ ಅಂದೆ. ಮುಟ್ಟಿದ್ರೆ ನೋಡು ಅಂದ್ಲು! ಡಬ್ಬ ತಬ್ಬಿಕೊಂಡು! ಮೂವತ್ತು ಏಡಿ ಇರಬಹುದು. ಪೂರ್ತಿ ತಿಂದ್ಲು. ತಿಂದು ಎರಡು ಸಲ ವಾಂತಿ ಮಾಡ್ಕೊಂಡು, ಬಾಯಿ ತೊಳೆದು, ಹೋಗಿ ಆಟ ಆಡಿದ್ಲು. ಆ ಬಟ್ಟೆಯಿಂದ ವಾಸನೆ ತೆಗೆಯೋಕೆ ನನಗೆ ನಾಲ್ಕು ದಿನ ಬೇಕಾಯ್ತು. ಎಷ್ಟು ಬೈದುಕೊಂಡಿದ್ದೆ!”

ಅವಳು ಆ ನೆನಪಿಗೆ ನಕ್ಕಳು. ಮರ್ವ್ ನಗಲಿಲ್ಲ.

“ಆ ಇಂಗ್ಲಿಷ್‌ನವನು? ಕರ್ಕೊಂಡೋದ್ನಾ ಇವಳ್ನ?”

“ಎಲ್ಲಿ? ಬೇರೆ ಹುಡುಗಿನ ಕರ್ಕೊಂಡು ಹೋದ. ಇವಳಿಗಿಂತ ಎತ್ತರ ಇದ್ದಳಂತೆ, ಅಷ್ಟೇ. ಹೋಗೋ ದಿನ ಇವಳ ಹೆಸರು ಕೂಡ ಅವನಿಗೆ ನೆನಪಿರ್ಲಿಲ್ಲ.”

ಒಳಗೆ ವಾದ್ಯ ಶುರುವಾಯಿತು. ಲೀಆನ್ ಬಂದು ಅಪ್ಪನ ತೋಳು ಹಿಡಿದು ಎಬ್ಬಿಸಿದಳು.

ಚರ್ಚು ತುಂಬಿತ್ತು. ಮುಂದಿನ ಸಾಲಿನಲ್ಲಿ ಮರ್ವ್, ಲೀಆನ್, ವೂಲಾ. ಪಾದ್ರಿಯಮ್ಮ ಹಾಳೆಯಲ್ಲಿದ್ದದ್ದನ್ನೇ ಓದಿದರು. ಗಣಿ ಎಂಜಿನಿಯರ್ ಬಂದ, ಹೋದ. ನಾಟಕಗಳು, ದೀಪದ ವಿಭಾಗದವನೊಬ್ಬನ ಜೊತೆ ನಾಲ್ಕು ವರ್ಷದ ಮದುವೆ, ಆಮೇಲೆ ಟೆಲಿವಿಷನ್. ಲೀಆನ್ ಅಪ್ಪನ ಮಂಡಿಯ ಮೇಲೆ ಕೈಯಿಟ್ಟು ಒತ್ತಿ ಹಿಡಿದಿದ್ದಳು.

ಆಮೇಲೆ ಲೈಲ್ ಫೇರ್‌ಬರ್ನ್ ಎಂಬ ಮುದಿ ನಟ ಊರುಗೋಲು ಊರಿಕೊಂಡು ಎದ್ದ. ಮೈಕು ಬೇಕಾಗಲಿಲ್ಲ ಅವನಿಗೆ.

“‘ಪೆನ್‌ರೋಸ್ ಲೇನ್’ ಧಾರಾವಾಹಿ. ಹನ್ನೆರಡು ವರ್ಷ, ಪ್ರತಿ ಮಂಗಳವಾರ. ನಾನು ಅವಳ ಕುಡುಕ ಗಂಡ. ಅವಳು ಬಾಡಿಗೆ ಕೋಣೆಗಳ ಒಡತಿ ಡಲ್ಸಿ ಪ್ಯಾಸ್ಕೋ. ಮೊದಲ ದಿನ ನಿರ್ದೇಶಕ ಹೇಳಿದ, ‘ಹೆಲೆನಾ, ನೀನು ದೊಡ್ಡ ಮನೆಯ ಮಗಳು, ಕೂಲಿಯವರ ಮಾತು ನಿನ್ನ ಬಾಯಲ್ಲಿ ಬರುತ್ತಾ?’ ಅಂತ. ಇವಳು ಬಾಯಿ ತೆಗೆದಳು ನೋಡಿ... ಇಡೀ ಸ್ಟುಡಿಯೋ ಗಪ್‌ಚಿಪ್! ಆ ಮಾತು ಎಲ್ಲಿ ಕಲಿತಳೋ, ಯಾರ ಹಿಂದೆ ತಿರುಗಿ ಕಲಿತಳೋ, ದೇವರಿಗೇ ಗೊತ್ತು. ಅದಕ್ಕೆ ಪ್ರಶಸ್ತಿ ಕೂಡ ಕೊಟ್ಟರು. ಪೊಲೀಸು ಬರಲಿ, ಮಂತ್ರಿ ಬರಲಿ, ಬಾಗಿಲಲ್ಲಿ ನಿಂತು ಅವಳು ಹೇಳ್ತಿದ್ದದ್ದು ಒಂದೇ ಮಾತು. ಏನದು?”

ಇಡೀ ಚರ್ಚು ಒಂದೇ ದನಿಯಲ್ಲಿ ಕೂಗಿತು: “ಮೊದ್ಲು ಬೂಟು ಬಿಚ್ಚು, ಆಮೇಲೆ ಮಾತು!”

ನಗು, ಕೆಮ್ಮು, ಮೂಗು ಸೀಟುವ ಸದ್ದು.

ಅದು ಅಪ್ಪನ ಮಾತು. ಕಾರ್ಖಾನೆಯ ಸೀಸದ ಧೂಳು ಮಕ್ಕಳಿರುವ ಮನೆಯೊಳಗೆ ಬರಬಾರದೆಂದು ಅಪ್ಪ ಹೊಸಿಲಲ್ಲಿ ಬೂಟು ಬಿಚ್ಚುತ್ತಿದ್ದ, ಯಾರೇ ಬಂದರೂ ಬಿಚ್ಚಿಸುತ್ತಿದ್ದ. ಒಮ್ಮೆ ಪಾದ್ರಿಯನ್ನೂ ಬಿಟ್ಟಿರಲಿಲ್ಲ. ಮಂಗಳವಾರಗಳಂದು ಮರ್ವ್‌ನ ಹೆಂಡತಿ ಜಾಯ್ಸ್ ಟಿವಿ ಹಾಕಿದ ಕೂಡಲೇ ಅವನು ಹಿತ್ತಲಿನ ಶೆಡ್ಡಿಗೆ ಹೋಗಿ ಸುತ್ತಿಗೆ ಹಿಡಿಯುತ್ತಿದ್ದ. ಬಡಿಯಲು ಏನೂ ಇಲ್ಲದಿದ್ದರೂ ಬಡಿಯುತ್ತಿದ್ದ. ಆ ದನಿ ಮಾತ್ರ ತಗಡಿನ ಗೋಡೆ ದಾಟಿ ಬರುತ್ತಿತ್ತು. ಅಪ್ಪನನ್ನು ಓಣಿಯಲ್ಲಿ ಬಿಟ್ಟವಳು ಅಪ್ಪನ ನಾಲಿಗೆಯನ್ನು ಕದ್ದುಕೊಂಡು ಹೋಗಿ ಮಾರುತ್ತಿದ್ದಾಳೆ ಎಂದೇ ಹನ್ನೆರಡು ವರ್ಷವೂ ಅವನಿಗೆ ಅನ್ನಿಸಿತ್ತು.

ಲೈಲ್ ಕೂತ ಮೇಲೆ ಸಣ್ಣ ಮೈಕಟ್ಟಿನ ಹುಡುಗಿಯೊಬ್ಬಳು ಎದ್ದು ಬಂದಳು. ಡಾಕ್ಟರ್ ಥಾವೊ ಎಂದು ಪಾದ್ರಿಯಮ್ಮ ಪರಿಚಯಿಸಿದರು. ಫೋನಿನಲ್ಲಿ ಕೇಳಿದ ದನಿಯನ್ನು ಮರ್ವ್ ಗುರುತಿಸಿದ.

“ಧಾರಾವಾಹಿ ಮುಗಿದ ಮೇಲೆ ಹೆಲೆನಾ ಅವರಿಗೆ ಹೆಚ್ಚು ಕೆಲಸ ಸಿಗಲಿಲ್ಲ ಅಂತ ನಿಮಗೆಲ್ಲ ಗೊತ್ತು. ಕೊನೆಯ ಹದಿನಾರು ವರ್ಷ ಅವರು ನಮ್ಮ ವೈದ್ಯಕೀಯ ಕಾಲೇಜಿಗೆ ಬರ್ತಿದ್ರು. ವಿದ್ಯಾರ್ಥಿಗಳ ಅಭ್ಯಾಸಕ್ಕೆ ರೋಗಿಯ ಪಾತ್ರ ಮಾಡೋಕೆ. ಕೆಟ್ಟ ಸುದ್ದಿ ಹೇಗೆ ಹೇಳಬೇಕು ಅಂತ ನಾವು ಕಲಿತಿದ್ದು ಅವರ ಮೇಲೆ. ಅವರಿಗೆ ಕ್ಯಾನ್ಸರ್ ಇದೆ ಅಂತ ನಾನು ನಾಲ್ಕು ಸಲ ಹೇಳಿದೀನಿ. ಮೊದಲ ಮೂರು ಸಲ ಫೇಲು. ‘ಮೊದ್ಲು ಕೂತ್ಕೋ ಮಗಳೇ, ಗಡಿಯಾರ ನೋಡಬೇಡ, ಆಮೇಲೆ ಹೇಳು’ ಅಂತಿದ್ರು.”

ಜನ ಮೆಲ್ಲಗೆ ನಕ್ಕರು. ಹುಡುಗಿ ನಗಲಿಲ್ಲ.

“ಕೊನೆಗೆ ನಾವು, ‘ಮನೆಯವರಿಗೆ ತಿಳಿಸಬೇಕಾ, ಯಾರಿದ್ದಾರೆ?’ ಅಂತ ಕೇಳಬೇಕು. ಅವರಿಗೆ ಕೊಟ್ಟ ಹಾಳೆಯಲ್ಲಿ ಉತ್ತರ ‘ಯಾರೂ ಇಲ್ಲ’ ಅಂತಿತ್ತು. ಅವರು ಯಾವತ್ತೂ ಅದನ್ನ ಹೇಳಲಿಲ್ಲ. ಪ್ರತಿ ಸಲ, ಪ್ರತಿ ವಿದ್ಯಾರ್ಥಿಗೂ ಒಂದೇ ಉತ್ತರ. ‘ಪಿರಿಯಲ್ಲಿ ತಮ್ಮ ಇದಾನೆ, ಮರ್ವಿ. ಫೋನ್ ಮಾಡಬೇಡಿ, ಪಾಳಿಯಲ್ಲಿರ್ತಾನೆ.’ ಅದನ್ನ ಹೇಳುವಾಗ ಅವರ ದನಿ ಬೇರೆ ಆಗ್ತಿತ್ತು. ಎಷ್ಟು ಚೆನ್ನಾಗಿ ನಟಿಸ್ತಾರೆ ಅಂತ ನಾವು ಮಾತಾಡಿಕೊಳ್ತಿದ್ವಿ. ಕಳೆದ ತಿಂಗಳು ನಿಜವಾಗಿ ಆಸ್ಪತ್ರೆಗೆ ಬಂದಾಗ, ಮನೆಯವರ ಜಾಗದಲ್ಲಿ ಏನೂ ಬರೆದಿರಲಿಲ್ಲ. ತೀರಿಹೋದ ಮೇಲೆ ನನಗೆ ಆ ಮಾತು ನೆನಪಾಯ್ತು. ಪಾಳಿ ಅಂದ್ರೆ ಕಾರ್ಖಾನೆ ಇರಬಹುದು, ಒಂದು ಸಲ ನೋಡೋಣ ಅಂತ ಪಿರಿಯ ಕಾರ್ಖಾನೆಗೆ ಫೋನ್ ಮಾಡಿದೆ.” ಅವಳು ಮುಂದಿನ ಸಾಲಿನತ್ತ ನೋಡಿದಳು. “ಮೊದಲೇ ಮಾಡಬೇಕಿತ್ತು. ಕ್ಷಮಿಸಿ.”

*

ಅಪ್ಪ ಸತ್ತದ್ದು ಸಾವಿರದ ಒಂಬೈನೂರ ಅರವತ್ತೈದರ ಜುಲೈಯಲ್ಲಿ. ಬೆಳಗಿನ ಪಾಳಿಗೆ ಹೊರಟವನು ಸೈಕಲ್ಲಿನಿಂದ ಇಳಿದು, ರಸ್ತೆಯ ಪಕ್ಕ ಕುಳಿತುಕೊಂಡು, ಹಾಗೇ ಒರಗಿದ. ಹೃದಯ ನಿಂತಿತ್ತು.

ಮರ್ವ್ ಅಕ್ಕನಿಗೆ ತಂತಿ ಕೊಡಲಿಲ್ಲ. ಕಾನ್ವೆಂಟಿನ ಸಿಸ್ಟರ್ ಕೊಟ್ಟರು. ಅಂತ್ಯಕ್ರಿಯೆಯ ದಿನ ಪಿರಿಯ ಚರ್ಚಿನ ಬಾಗಿಲಲ್ಲಿ ಅವನು ಬಂದವರ ಕೈ ಕುಲುಕುತ್ತ ನಿಂತಿದ್ದಾಗ, ಎದುರಿಗೆ ಟ್ಯಾಕ್ಸಿಯೊಂದು ನಿಂತಿತು. ಕಪ್ಪು ಟೋಪಿ, ಕಪ್ಪು ಕೈಗವುಸು. ಧೂಳು ಹೊತ್ತ ಗಾಳಿಗೆ ಟೋಪಿ ಒತ್ತಿ ಹಿಡಿದುಕೊಂಡು ಅವಳು ಮೆಟ್ಟಿಲು ಹತ್ತಿ ಬಂದಳು. ಎರಡೂವರೆ ವರ್ಷದಿಂದ ಅವಳು ಊರಿಗೆ ಬಂದಿರಲಿಲ್ಲ. ತಿಂಗಳಿಗೊಂದು ಕಾಗದ ಮಾತ್ರ ಬರುತ್ತಿತ್ತು. ಓಣಿಯ ಮಾತು ಅದರಲ್ಲಿ ಒಮ್ಮೆಯೂ ಇರಲಿಲ್ಲ.

ಮರ್ವ್ ಬಾಗಿಲಿಗೆ ಅಡ್ಡ ನಿಂತ.

“ತಪ್ಪಾಗಿ ಬಂದ್ರೇನೋ, ಅಮ್ಮಾವ್ರೇ. ಇದು ಕೂಲಿಯವ್ನ ಸಾವು. ಸಾಯೇಬ್ರ ಮಕ್ಳು ಬರೋ ಜಾಗ ಅಲ್ಲ.”

“ಹಾಗನ್ನಬೇಡ ಮರ್ವಿ, ನಾನು ಹೇಳುವುದನ್ನು ಸ್ವಲ್ಪ...”

ಅಳುತ್ತಲೇ ಹೇಳಿದಳು. ಅಳುವಿನಲ್ಲೂ ‘ಹ’ಕಾರ ಒಂದೂ ತಪ್ಪಲಿಲ್ಲ. ಹಳೆಯ ನಾಲಿಗೆ ಅವಳಿಗೆ ಸಿಗಲಿಲ್ಲ. ಸಿಕ್ಕಿದ್ದರೆ, “ಓಗ್ಲಿ ಬುಡೋ ಮರ್ವಿ” ಎಂಬ ಒಂದು ಮಾತು ಬಂದಿದ್ದರೆ, ತಾನು ಪಕ್ಕಕ್ಕೆ ಸರಿಯುತ್ತಿದ್ದೆನೇನೋ ಎಂದು ಮರ್ವ್ ಆಮೇಲೆ ಎಷ್ಟೋ ಸಲ ಅಂದುಕೊಂಡಿದ್ದ. ಆಗ ಮಾತ್ರ ಆ ನಯವಾದ ದನಿ ಕಿವಿಗೆ ಬಿದ್ದು ಅವನ ಮೈ ಕಲ್ಲಾಯಿತು. ಅವನು ಒಳಗೆ ಹೋಗಿ ಬಾಗಿಲು ಎಳೆದುಕೊಂಡ.

*

“ಇನ್ನು ಕೊನೆಯ ಹಾಡು” ಎಂದು ಪಾದ್ರಿಯಮ್ಮ ಹೇಳಿದಾಗ ಮರ್ವ್ ಎದ್ದು ನಿಂತಿದ್ದ.

“ಅಪ್ಪಾ, ಬೇಡ” ಲೀಆನ್ ಕೋಟು ಎಳೆದಳು. ಅವನು ಬಿಡಿಸಿಕೊಂಡು ಮುಂದೆ ನಡೆದ. ಶವಪೆಟ್ಟಿಗೆಯ ಪಕ್ಕ ನಿಂತು, ಮೈಕನ್ನು ಹೇಗೆ ಬಗ್ಗಿಸಬೇಕೆಂದು ತಿಳಿಯದೆ, ತಾನೇ ಬಗ್ಗಿದ.

“ನಾನು ಮರ್ವ್. ಇವ್ಳ ತಮ್ಮ. ಆಳೆಯಲ್ಲಿ ನನ್ನೆಸ್ರಿಲ್ಲ, ಅದು ಓಗ್ಲಿ. ಇವ್ಳ ಎಸ್ರು ಕೋರಲ್. ಕೋರಲ್ ಟ್ರೆಜೈಸ್. ನಮ್ಮಪ್ಪ ಎಂಜಿನಿಯರ್ ಅಲ್ಲ. ಸೀಸ ಕಾಯ್ಸೋ ಕುಲುಮೆ ಮುಂದೆ ಮೂವತ್ತೊಂದು ವರ್ಸ ನಿಂತಿದ್ದೋನು. ಆಲ್ಫ್ ಅಂತ. ಆ ಬೂಟಿನ ಮಾತು ಅವಂದು. ಇವ್ಳು ಯಾರಿಂದೆನೂ ತಿರ್ಗಿ ಕಲೀಲಿಲ್ಲ. ಅದು ನಮ್ಮನೆ ಮಾತು.”



“ಏಡಿ ತಂದಿದ್ನಲ್ಲ...” ಅವನು ವೂಲಾಳತ್ತ ತಿರುಗಿದ. “ಅವ್ನೇ ನಮ್ಮಪ್ಪ. ಡಬ್ಬದ ಆ ಕಡೆ ಇಡ್ಕೊಂಡಿದ್ದೋನು ನಾನು. ಇವ್ಳು ಅವ್ನನ್ನ ಆಳು ಅಂದ್ಲು. ಅವ್ನೂ ಆಳಾಗೇ ನಿಂತ. ಮಗಳ ಕೆಲ್ಸ ಕೆಡಬಾರ್ದು ಅಂತ.”

ವೂಲಾಳ ಕೈ ಬಾಯಿಗೆ ಹೋಯಿತು. ಅವಳು ಏನೋ ಅಂದಳು, ಗ್ರೀಕಿನಲ್ಲಿ.

“ಇವ್ಳು ಇಂಗ್ಮಾಡಿದ್ಲು ಅಂತ ನಿಮ್ಗೆಲ್ಲ ಏಳ್ಬೇಕು ಅಂತಾನೇ ನಾನು ಬಂದಿದ್ದು. ದಾರಿಯುದ್ದಕ್ಕೂ ಬಾಯ್ಪಾಠ ಮಾಡ್ಕೊಂಡು ಬಂದೆ. ಇಷ್ಟು ವರ್ಸದಿಂದ ಮಾಡ್ಕೊಂಡೇ ಬಂದಿದೀನಿ.” ಅವನ ಕೈ ಪೆಟ್ಟಿಗೆಯ ಅಂಚನ್ನು ಹುಡುಕಿ ಹಿಡಿದುಕೊಂಡಿತು. “ಆಮೇಲೆ ಅಪ್ಪ ಸತ್ತ. ಇವ್ಳು ಬಂದ್ಲು. ಅಷ್ಟು ದೂರದಿಂದ ಒಬ್ಳೇ ಬಂದ್ಲು. ನಾನು ಚರ್ಚೊಳಗೆ ಬಿಡ್ಲಿಲ್ಲ. ಮಗಳನ್ನ ಅಪ್ಪನ ಎಣ ನೋಡಕ್ಕೆ ಬಿಡ್ಲಿಲ್ಲ. ಪೆಟ್ಟಿಗೆ ಎತ್ಕೊಂಡು ಈಚೆ ಬಂದಾಗ ಇವ್ಳು ರಸ್ತೆ ಆ ಕಡೆ ಅಂಚೆ ಕಚೇರಿ ಗೋಡೆಗೆ ಒರಗಿ ನಿಂತಿದ್ಲು. ನಾನು ಇವ್ಳ ಮುಂದೇನೇ ಎತ್ಕೊಂಡು ನಡ್ದೆ. ತಿರ್ಗಿ ನೋಡ್ಲಿಲ್ಲ. ನಾನು ಪಾಳಿಯಲ್ಲಿರ್ತೀನಿ ಅಂತ ಅಂದ್ಕೊಂಡಿದ್ಲಂತೆ. ಅದ್ನೆಂಟು ವರ್ಸ ಆಯ್ತು ನಾನು ಪಾಳಿ ಬಿಟ್ಟು.”

ಪಾದ್ರಿಯಮ್ಮ ಒಂದು ಹೆಜ್ಜೆ ಮುಂದೆ ಬಂದು ನಿಂತರು.

“ಇವ್ಳು ಮಾಡಿದ್ದು ಒಂದ್ ನಿಮ್ಸ” ಎಂದ ಮರ್ವ್. “ನಂದು ಐವತ್ನಾಲ್ಕು ವರ್ಸ. ಅಷ್ಟೇ.”

ಇಳಿಯುವ ಮೆಟ್ಟಿಲು ಯಾವ ಕಡೆಗಿದೆ ಎಂದು ಅವನಿಗೆ ಗೊತ್ತಾಗಲಿಲ್ಲ. ಲೈಲ್ ಫೇರ್‌ಬರ್ನ್ ತನ್ನ ಊರುಗೋಲನ್ನು ಚಾಚಿ ತೋರಿಸಿದ. ಡಾಕ್ಟರ್ ಹುಡುಗಿ ಬಂದು ಕೈ ಹಿಡಿದು ಇಳಿಸಿದಳು. ವೂಲಾ ಅವನ ಕಡೆ ನೋಡಲಿಲ್ಲ, ಬೆಂಚಿನ ತುದಿಗೆ ಸರಿದು ಕುಳಿತಳು. ಹಾಡು ಮುಗಿಯುವವರೆಗೂ ಅವಳ ಭುಜ ಅಲುಗುತ್ತಿತ್ತು.

ಹೊರಗೆ ಬಿಸಿಲು ಬಂದಿತ್ತು. ಪೆಟ್ಟಿಗೆಯನ್ನು ಕಪ್ಪು ಗಾಡಿಗೆ ಏರಿಸಿದರು. ಚಿತಾಗಾರಕ್ಕೆ ಗಾಡಿಯೊಂದೇ ಹೋಗುವುದು, ಉಳಿದವರಿಗೆಲ್ಲ ಪಕ್ಕದ ಸಭಾಂಗಣದಲ್ಲಿ ಚಹಾ ಎಂದು ಮೊದಲೇ ಹೇಳಿದ್ದರು. ಗಾಡಿ ಮೆಲ್ಲಗೆ ರಸ್ತೆಗಿಳಿದಾಗ ಮೆಟ್ಟಿಲ ಮೇಲಿದ್ದ ನಾಟಕದವರೆಲ್ಲ ಒಮ್ಮೆಗೇ ಚಪ್ಪಾಳೆ ತಟ್ಟತೊಡಗಿದರು.

ಮರ್ವ್ ಬೆಚ್ಚಿದ. “ಏನಿದು? ಸತ್ತೋರಿಗೆ ಚಪ್ಪಾಳೆಯಾ?”

ವೂಲಾ ಅವನ ಪಕ್ಕದಲ್ಲಿದ್ದಳು. ಯಾವಾಗ ಬಂದು ನಿಂತಳೋ ಗೊತ್ತಾಗಿರಲಿಲ್ಲ. “ನಟರಿಗೆ ಇದೇ ಕೊನೇದು” ಎಂದಳು. “ಗಾಡಿ ಕಣ್ಮರೆ ಆಗೋವರೆಗೂ ತಟ್ಟಬೇಕು. ತಟ್ಟು.”

ಮರ್ವ್ ತಟ್ಟಿದ.

ಗಾಡಿ ನೂರು ಗಜ ಹೋಗಿರಬಹುದು. ಮುಂದಿನ ರೈಲ್ವೆ ಗೇಟಿನಲ್ಲಿ ಗಂಟೆ ಹೊಡೆದುಕೊಂಡು ಕೆಂಪು ದೀಪಗಳು ಮಿಣುಕಿದವು. ಅಡ್ಡಕಂಬಗಳು ಇಳಿದವು. ಗಾಡಿ ನಿಂತಿತು. ಬಿಸಿಲಿಗೆ ಅದರ ಹಿಂದಿನ ಗಾಜು ಹೊಳೆಯುತ್ತಿತ್ತು, ಒಳಗಿನ ಹೂವುಗಳೂ ಕಾಣುತ್ತಿದ್ದವು. ಯಾರೂ ನಿಲ್ಲಿಸುವಂತಿರಲಿಲ್ಲ. ತಟ್ಟುತ್ತಲೇ ಇದ್ದರು. ನಗರದ ಕಡೆಯ ರೈಲು ಬಂದು ಹೋಯಿತು. ದೀಪ ಆರಲಿಲ್ಲ, ಗಂಟೆ ನಿಲ್ಲಲಿಲ್ಲ. ಎದುರು ಕಡೆಯಿಂದ ಇನ್ನೊಂದು ಬರುವುದಿತ್ತು.

ಲೈಲ್ ಮೊದಲು ಸೋತು ಮೆಟ್ಟಿಲ ಮೇಲೆ ಕುಳಿತ. ಒಬ್ಬೊಬ್ಬರಾಗಿ ಕೈ ಇಳಿಸಿದರು, ಒಬ್ಬರ ಮುಖ ಒಬ್ಬರು ನೋಡಿಕೊಂಡರು, ಯಾರೋ ಸಣ್ಣಗೆ ನಕ್ಕರು. ವೂಲಾಳ ಮಣಿಕಟ್ಟಿನ ಸಂದು ನೋಯುತ್ತಿತ್ತು, ಅವಳೂ ನಿಲ್ಲಿಸಿದಳು. ಜನ ಸಭಾಂಗಣದ ಕಡೆ ಚದುರಿದರು, ಒಳಗೆ ಕಪ್-ಬಸಿಗಳ ಸದ್ದು ಶುರುವಾಯಿತು.

“ಸಾಕು ಬಾ, ಅಪ್ಪಾ” ಎಂದಳು ಲೀಆನ್.

ಮರ್ವ್ ಕೇಳಿಸಿಕೊಳ್ಳಲಿಲ್ಲ. ಕೋಟಿನ ತೋಳು ಮೊಣಕೈವರೆಗೆ ಜಾರಿ, ಮುಖ ಕೆಂಪಗಾಗಿ, ಖಾಲಿ ಮೆಟ್ಟಿಲ ಮೇಲೆ ಒಬ್ಬನೇ ನಿಂತು ತಟ್ಟುತ್ತಿದ್ದ. ಎರಡನೆಯ ರೈಲೂ ಹಾದುಹೋಯಿತು. ಗೇಟು ಇನ್ನೂ ಎದ್ದಿರಲಿಲ್ಲ.